ಯಾವ ಸ್ಟುಡಿಯೊಗೂ ಸೇರದ ನಟ: ತತ್ಸುಯಾ ನಕದಾಯಿ ಅವರ ಏಳು ದಶಕಗಳು

1950ರ ದಶಕದ ಜಪಾನಿನಲ್ಲಿ ಒಬ್ಬ ಚಿತ್ರನಟ ಯಾವ ಚಿತ್ರದಲ್ಲಿ ಅಭಿನಯಿಸಬೇಕು ಎಂಬುದನ್ನು ನಟನಾಗಲಿ ನಿರ್ದೇಶಕನಾಗಲಿ ತೀರ್ಮಾನಿಸುತ್ತಿರಲಿಲ್ಲ. ಅವರಿಬ್ಬರಿಗೂ ಸಂಬಳ ಕೊಡುವ ಸ್ಟುಡಿಯೊ ತೀರ್ಮಾನಿಸುತ್ತಿತ್ತು. ಅಂಥ ಕಾಲದಲ್ಲಿ ತತ್ಸುಯಾ ನಕದಾಯಿ ಎಂಬ ಯುವನಟ ಶೊಚಿಕು ಸಂಸ್ಥೆಗಾಗಿ ಮಸಾಕಿ ಕೊಬಯಾಶಿ ಅವರ ಚಿತ್ರದಲ್ಲಿ, ದಾಯೆ ಸಂಸ್ಥೆಗಾಗಿ ಕೊನ್ ಇಚಿಕಾವಾ ಅವರ ಚಿತ್ರದಲ್ಲಿ, ತೊಹೊ ಸಂಸ್ಥೆಗಾಗಿ ಮಿಕಿಯೊ ನರುಸೆ ಮತ್ತು ಅಕಿರಾ ಕುರೊಸಾವಾ ಅವರ ಚಿತ್ರಗಳಲ್ಲಿ, ಎಲ್ಲವನ್ನೂ ಮೂರು ನಾಲ್ಕು ವರ್ಷಗಳ ಅವಧಿಯೊಳಗೇ ಅಭಿನಯಿಸಿದರು. ಪರಸ್ಪರ ಪೈಪೋಟಿಯಲ್ಲಿದ್ದ ಸಂಸ್ಥೆಗಳ ನಡುವೆ ಹೀಗೆ ಓಡಾಡುವ ಸ್ವಾತಂತ್ರ್ಯ ಅವರಿಗಿಂತ ಎಷ್ಟೋ ಹೆಚ್ಚು ಹೆಸರು ಮಾಡಿದ್ದ ತಾರೆಯರಿಗೂ ಇರಲಿಲ್ಲ. 1950ರ ದಶಕದ ಆರಂಭದಿಂದ 2025ರವರೆಗೆ ಹರಡಿದ ಅವರ ವೃತ್ತಿಜೀವನವನ್ನು ಅರ್ಥಮಾಡಿಕೊಳ್ಳಬೇಕಾದರೆ ಪ್ರತಿಭೆಯ ಮಾತನ್ನು ಸ್ವಲ್ಪ ಹೊತ್ತು ಬದಿಗಿಟ್ಟು, ಈ ಸ್ವಾತಂತ್ರ್ಯ ಎಲ್ಲಿಂದ ಬಂತು ಎಂಬುದನ್ನು ಮೊದಲು ನೋಡಬೇಕು ಎಂಬುದು ನನ್ನ ನಂಬಿಕೆ.

ಎರಡನೇ ಮಹಾಯುದ್ಧದ ನಂತರ ಜಪಾನಿನ ಚಿತ್ರೋದ್ಯಮ ಕೆಲವೇ ದೊಡ್ಡ ಸಂಸ್ಥೆಗಳ ಕೈಯಲ್ಲಿತ್ತು. ಪ್ರತಿಯೊಂದು ಸಂಸ್ಥೆಗೂ ತನ್ನದೇ ಸ್ಟುಡಿಯೊ, ತನ್ನದೇ ವಿತರಣಾ ಜಾಲ, ತನ್ನದೇ ಚಿತ್ರಮಂದಿರಗಳು ಇದ್ದವು. ಆ ಚಿತ್ರಮಂದಿರಗಳಿಗೆ ವಾರ ವಾರವೂ ಹೊಸ ಚಿತ್ರಗಳನ್ನು ಒದಗಿಸಬೇಕಾದ್ದರಿಂದ ನಟರು, ನಿರ್ದೇಶಕರು, ಛಾಯಾಗ್ರಾಹಕರು ಎಲ್ಲರೂ ಕರಾರಿನ ಮೇಲೆ ಕಾಯಂ ನೌಕರರಂತೆ ದುಡಿಯುತ್ತಿದ್ದರು. ಯುದ್ಧಕಾಲದಲ್ಲಿ ನಿರ್ಮಾಣ ನಿಲ್ಲಿಸಿದ್ದ ನಿಕ್ಕತ್ಸು ಸಂಸ್ಥೆ ಮತ್ತೆ ಚಿತ್ರ ತಯಾರಿಸಲು ಹೊರಟು ಬೇರೆಯವರ ಕಲಾವಿದರಿಗೆ ಕೈಹಾಕಬಹುದೆಂಬ ಭಯ ಹುಟ್ಟಿದಾಗ, 1953ರಲ್ಲಿ ಶೊಚಿಕು, ತೊಹೊ, ದಾಯೆ, ಶಿಂತೊಹೊ, ತೊಯೆ ಎಂಬ ಐದು ಸಂಸ್ಥೆಗಳು ಸೇರಿ ಒಂದು ಒಪ್ಪಂದ ಮಾಡಿಕೊಂಡವು. ಒಬ್ಬರ ಕರಾರಿನಲ್ಲಿರುವ ನಟರನ್ನು ಮತ್ತೊಬ್ಬರು ಸೆಳೆಯಬಾರದು, ಎರವಲಾಗಿ ಕೇಳಲೂ ಬಾರದು, ಕೊಡಲೂ ಬಾರದು ಎಂಬುದು ಅದರ ತಿರುಳು. ನಟರಿಗೆ ಇದರ ಅರ್ಥ ಬಹಳ ಸರಳವಾಗಿತ್ತು: ಸ್ಟುಡಿಯೊದೊಂದಿಗೆ ಮನಸ್ತಾಪ ಬಂದರೆ ಹೋಗಲು ಬೇರೆ ಬಾಗಿಲೇ ಇಲ್ಲ.

ಇದು ಬರಿಯ ಬೆದರಿಕೆಯಾಗಿರಲಿಲ್ಲ. ದಾಯೆ ಸಂಸ್ಥೆಯ ಜನಪ್ರಿಯ ನಟಿ ಫುಜಿಕೊ ಯಮಾಮೊಟೊ 1963ರಲ್ಲಿ ಕರಾರಿನ ವಿಷಯದಲ್ಲಿ ಭಿನ್ನಾಭಿಪ್ರಾಯ ಬಂದು ಹೊರನಡೆದ ಮೇಲೆ ಅವರನ್ನು ಯಾವ ಸಂಸ್ಥೆಯೂ ಕರೆಯಲಿಲ್ಲ. ವೃತ್ತಿಯ ಉತ್ತುಂಗದಲ್ಲಿದ್ದ ಆ ನಟಿ ಕಿರುತೆರೆಗೂ ರಂಗಭೂಮಿಗೂ ಹೋಗಬೇಕಾಯಿತು. 1968ರಲ್ಲಿ ಜಿರೊ ತಮಿಯಾ ಎಂಬ ನಟ ಪೋಸ್ಟರಿನಲ್ಲಿ ತಮ್ಮ ಹೆಸರು ಯಾವ ಕ್ರಮದಲ್ಲಿ ಬರಬೇಕು ಎಂದು ತಕರಾರು ಎತ್ತಿದ್ದಕ್ಕೆ ಅದೇ ಗತಿ ಅನುಭವಿಸಿದರು. ಕುರೊಸಾವಾ ಚಿತ್ರಗಳ ಮೂಲಕ ನಮಗೆಲ್ಲ ಪರಿಚಿತರಾದ ತೊಶಿರೊ ಮಿಫುನೆ ಕೂಡ 1946ರಲ್ಲಿ ತೊಹೊ ಸಂಸ್ಥೆ ನಡೆಸಿದ ಹೊಸಮುಖಗಳ ಆಯ್ಕೆಯ ಮೂಲಕ ಬಂದವರು. ಅವರ ಬಹುಪಾಲು ಶ್ರೇಷ್ಠ ಕೆಲಸ ಆ ಸಂಸ್ಥೆಯ ಸುತ್ತಲೇ ನಡೆಯಿತು. ಸ್ಟುಡಿಯೊ ಪದ್ಧತಿಯಿಂದ ಒಳ್ಳೆಯ ಚಿತ್ರಗಳು ಬರಲಿಲ್ಲವೆಂದು ಯಾರೂ ಹೇಳಲಾರರು. ಆದರೆ ಒಬ್ಬ ನಟನಿಗೆ ಒಂದು ವರ್ಚಸ್ಸನ್ನು ಕಟ್ಟಿಕೊಟ್ಟು, ಪ್ರೇಕ್ಷಕರು ಅದನ್ನು ಮೆಚ್ಚಿದರೆ, ಅದನ್ನೇ ವರ್ಷಗಟ್ಟಲೆ ಮಾರುವುದು ಆ ಪದ್ಧತಿಯ ಸಹಜ ಒಲವಾಗಿತ್ತು. ನಕದಾಯಿ ತಪ್ಪಿಸಿಕೊಂಡದ್ದು ಇದರಿಂದ.

ಅವರು ಹುಟ್ಟಿದ್ದು 1932ರ ಡಿಸೆಂಬರ್‌ನಲ್ಲಿ, ಟೋಕಿಯೊದಲ್ಲಿ. ಬಡತನದ ಮನೆ, ತಂದೆಯನ್ನು ಬಾಲ್ಯದಲ್ಲೇ ಕಳೆದುಕೊಂಡರು. 1945ರಲ್ಲಿ ಟೋಕಿಯೊದ ಮೇಲೆ ಅಮೆರಿಕದ ವಿಮಾನಗಳು ಬಾಂಬು ಸುರಿಸುವಾಗ ಹನ್ನೆರಡು ವರ್ಷದ ಹುಡುಗನಾಗಿದ್ದ ಅವರು ಗುರುತಿಲ್ಲದ ಒಂದು ಪುಟ್ಟ ಹುಡುಗಿಯ ಕೈಹಿಡಿದು ಓಡಿದ್ದನ್ನೂ, ತಿರುಗಿ ನೋಡಿದಾಗ ತಮ್ಮ ಕೈಯಲ್ಲಿ ಆಕೆಯ ತೋಳು ಮಾತ್ರ ಉಳಿದಿದ್ದುದನ್ನೂ ನಂತರದ ಸಂದರ್ಶನಗಳಲ್ಲಿ ಹೇಳಿಕೊಂಡಿದ್ದಾರೆ. ಯುದ್ಧದ ವಿರುದ್ಧ ಅವರು ಜೀವನದುದ್ದಕ್ಕೂ ಆಡಿದ ಮಾತುಗಳ ಹಿಂದೆ ಈ ನೆನಪಿದೆ. ಶಾಲೆ ಮುಗಿದ ಮೇಲೆ ವಿಶ್ವವಿದ್ಯಾಲಯಕ್ಕೆ ಹೋಗುವ ಅನುಕೂಲವಿರಲಿಲ್ಲ. ಸಣ್ಣಪುಟ್ಟ ಕೆಲಸಗಳನ್ನು ಮಾಡಿಕೊಂಡು 1952ರಲ್ಲಿ ಹಾಯ್ಯುಜಾ ನಾಟಕ ಸಂಸ್ಥೆಯ ತರಬೇತಿ ಶಾಲೆಗೆ ಸೇರಿದರು.

ಈ ಸೇರ್ಪಡೆಯೇ ಮುಂದಿನ ಎಲ್ಲಕ್ಕೂ ತಳಹದಿಯಾಯಿತು. 1944ರಲ್ಲಿ ಕೊರೆಯಾ ಸೆಂದಾ ಮೊದಲಾದವರು ಕಟ್ಟಿದ ಹಾಯ್ಯುಜಾ, ಕಬುಕಿ ಮತ್ತು ನೋ ಎಂಬ ಜಪಾನಿನ ಹಳೆಯ ನಾಟಕ ಪರಂಪರೆಗಳಿಂದ ಬೇರೆಯಾಗಿ ಯುರೋಪಿನ ಆಧುನಿಕ ನಾಟಕವನ್ನು ಆಧಾರವಾಗಿಟ್ಟುಕೊಂಡ ‘ಶಿಂಗೆಕಿ’ ಎಂಬ ರಂಗ ಚಳವಳಿಯ ಪ್ರಮುಖ ಕೇಂದ್ರ. ಜರ್ಮನಿಯಲ್ಲಿ ಕೆಲಕಾಲ ಇದ್ದು ಬಂದ ಸೆಂದಾ, ಆ ದೇಶದ ನಾಟಕಕಾರ ಬ್ರೆಖ್ಟ್‌ನನ್ನು ಜಪಾನಿಗೆ ಪರಿಚಯಿಸಿದವರಲ್ಲಿ ಮುಖ್ಯರು. ಕಬುಕಿಯ ಮನೆತನಗಳಲ್ಲಿ ಹುಟ್ಟಿದ ನಟರಿಗೆ ಪಾತ್ರವೂ ನಡೆನುಡಿಯೂ ಪಿತ್ರಾರ್ಜಿತವಾಗಿ ಬರುತ್ತಿದ್ದವು. ಶಿಂಗೆಕಿಯ ನಟ ಪ್ರತಿ ನಾಟಕದ ಮಾತನ್ನೂ ಓದಿ, ಬಿಡಿಸಿ, ಈ ಮನುಷ್ಯ ಯಾರು, ಇವನ ಧ್ವನಿ ಯಾವ ಸ್ಥಾಯಿಯಲ್ಲಿರಬೇಕು ಎಂಬುದನ್ನು ಮೊದಲಿನಿಂದ ಕಂಡುಕೊಳ್ಳಬೇಕಾಗಿತ್ತು. ನಕದಾಯಿ ಅವರ ಚಿತ್ರಗಳನ್ನು ಒಂದರ ಹಿಂದೆ ಒಂದು ನೋಡಿದರೆ ಅವರ ಧ್ವನಿ ಚಿತ್ರದಿಂದ ಚಿತ್ರಕ್ಕೆ ಎಷ್ಟು ಬದಲಾಗುತ್ತದೆ ಎಂಬುದು, ಜಪಾನಿ ಭಾಷೆ ತಿಳಿಯದ ಕಿವಿಗೂ ಗೊತ್ತಾಗುತ್ತದೆ.

ಚಿತ್ರರಂಗದ ಜೊತೆಗಿನ ಮೊದಲ ಅನುಭವ ಸುಖದ್ದಾಗಿರಲಿಲ್ಲ. 1954ರಲ್ಲಿ ಬಿಡುಗಡೆಯಾದ ‘ಸೆವೆನ್ ಸಮುರಾಯ್’ ಚಿತ್ರದಲ್ಲಿ, ಹಳ್ಳಿಯ ರೈತರು ಸಮುರಾಯ್‌ಗಳನ್ನು ಹುಡುಕುತ್ತ ಪೇಟೆಯ ಬೀದಿಯಲ್ಲಿ ನಿಂತಿರುವಾಗ ಅವರ ಮುಂದೆ ಹಾದುಹೋಗುವ ಒಬ್ಬ ಅನಾಮಧೇಯ ಕತ್ತಿಗಾರನಾಗಿ ಅವರು ಕೆಲವೇ ಕ್ಷಣ ಕಾಣಿಸಿಕೊಳ್ಳುತ್ತಾರೆ. ಆಧುನಿಕ ನಾಟಕ ಕಲಿಯುತ್ತಿದ್ದ ಹುಡುಗನಿಗೆ ಸಮುರಾಯ್‌ನ ನಡಿಗೆ ಬರಲಿಲ್ಲ. ಕುರೊಸಾವಾ ಅದೊಂದು ನಡಿಗೆಯನ್ನು ಬೆಳಗಿನಿಂದ ಮಧ್ಯಾಹ್ನದವರೆಗೆ ಮತ್ತೆ ಮತ್ತೆ ನಡೆಸಿದರು. ಇನ್ನು ಈ ನಿರ್ದೇಶಕರ ಚಿತ್ರಕ್ಕೆ ಬರಲಾರೆ ಎಂದು ಅಂದು ಮನಸ್ಸಿನಲ್ಲೇ ನಿಶ್ಚಯಿಸಿದ್ದೆ ಎಂದು ನಕದಾಯಿ ನಂತರ ನೆನಪಿಸಿಕೊಂಡಿದ್ದಾರೆ. ಕೆಲವು ವರ್ಷಗಳ ಮೇಲೆ ‘ಯೊಜಿಂಬೊ’ ಚಿತ್ರಕ್ಕೆ ಕರೆ ಬಂದಾಗ ಅವರು ಹಿಂಜರಿದದ್ದೂ ಅದೇ ಕಾರಣಕ್ಕೆ. ಆ ನಡಿಗೆ ನೆನಪಿದೆ, ಅದಕ್ಕೇ ಕರೆಯುತ್ತಿದ್ದೇನೆ ಎಂಬರ್ಥದ ಉತ್ತರ ಕುರೊಸಾವಾ ಕಡೆಯಿಂದ ಬಂತಂತೆ.

ಅವರನ್ನು ನಿಜವಾಗಿ ಗುರುತಿಸಿದವರು ಮಸಾಕಿ ಕೊಬಯಾಶಿ. 1957ರ ‘ಬ್ಲ್ಯಾಕ್ ರಿವರ್’ ಚಿತ್ರದಲ್ಲಿ, ಅಮೆರಿಕದ ಸೇನಾನೆಲೆಯ ಸುತ್ತ ಬೆಳೆದ ಒಂದು ಕೊಳೆಗೇರಿಯ ರೌಡಿಯ ಪಾತ್ರವನ್ನು ಕೊಬಯಾಶಿ ನಕದಾಯಿಗೆ ಕೊಟ್ಟರು. ಪಾತ್ರ ಎಲ್ಲರ ಕಣ್ಣಿಗೆ ಬಿತ್ತು. ಸ್ಟುಡಿಯೊಗಳಿಂದ ಕರಾರಿನ ಆಹ್ವಾನಗಳು ಬಂದವು. ನಕದಾಯಿ ಅವನ್ನು ಒಪ್ಪಲಿಲ್ಲ. ಹಾಯ್ಯುಜಾದ ಸದಸ್ಯನಾಗಿಯೇ ಉಳಿಯುತ್ತೇನೆ, ವರ್ಷದ ಅರ್ಧವನ್ನು ರಂಗಭೂಮಿಗೆ ಮೀಸಲಿಡುತ್ತೇನೆ, ಉಳಿದ ಅರ್ಧದಲ್ಲಿ ಯಾರ ಚಿತ್ರದಲ್ಲಾದರೂ ಅಭಿನಯಿಸುತ್ತೇನೆ ಎಂಬ ಕ್ರಮವನ್ನು ಇಟ್ಟುಕೊಂಡರು. ಐದು ಸಂಸ್ಥೆಗಳ ಒಪ್ಪಂದ ಬಿಗಿದದ್ದು ಕರಾರಿನಲ್ಲಿರುವ ನಟರನ್ನು. ಯಾವ ಸಂಸ್ಥೆಯ ಕರಾರಿಗೂ ಸಹಿ ಹಾಕದ ನಾಟಕದ ನಟನನ್ನು ಅದು ಮುಟ್ಟುವಂತಿರಲಿಲ್ಲ. ತಿಂಗಳ ಸಂಬಳದ ಭದ್ರತೆ, ಪ್ರಚಾರದ ಬಲ ಎರಡನ್ನೂ ಬಿಟ್ಟುಕೊಟ್ಟು ಕೊಂಡ ಸ್ವಾತಂತ್ರ್ಯ ಅದು. ಇಪ್ಪತ್ತೈದರ ಆಸುಪಾಸಿನ, ಹಿಂದೆ ಯಾವ ಆಸ್ತಿಯೂ ಇಲ್ಲದ ಯುವಕನೊಬ್ಬ ಇದನ್ನು ಮಾಡಿದ ಎಂಬುದನ್ನು ನೆನೆದರೆ ಆ ನಿರ್ಧಾರದ ತೂಕ ತಿಳಿಯುತ್ತದೆ.

ಆ ನಿರ್ಧಾರದ ಫಲ ತಡವಾಗಲಿಲ್ಲ. 1959ರಿಂದ 1961ರವರೆಗೆ ಮೂರು ಚಿತ್ರಗಳಾಗಿ ಬಂದ, ಒಟ್ಟು ಒಂಬತ್ತೂವರೆ ಗಂಟೆಗೂ ಹೆಚ್ಚು ಉದ್ದದ ‘ದಿ ಹ್ಯೂಮನ್ ಕಂಡಿಷನ್’ನಲ್ಲಿ ಕೊಬಯಾಶಿ ನಕದಾಯಿಯನ್ನು ನಾಯಕನನ್ನಾಗಿ ಆರಿಸಿದರು. ಜುಂಪೈ ಗೊಮಿಕಾವಾ ಅವರ ಕಾದಂಬರಿಯನ್ನು ಆಧರಿಸಿದ ಈ ಚಿತ್ರದ ನಾಯಕ ಕಾಜಿ, ಜಪಾನ್ ಆಕ್ರಮಿಸಿದ್ದ ಈಶಾನ್ಯ ಚೀನಾದ ಮಂಚೂರಿಯಾದ ಗಣಿಯೊಂದರಲ್ಲಿ ಕಾರ್ಮಿಕರ ಮೇಲ್ವಿಚಾರಕನಾಗಿ ಹೋಗುತ್ತಾನೆ. ಚೀನೀ ಕೈದಿಗಳನ್ನು ಮನುಷ್ಯರಂತೆ ನಡೆಸಿಕೊಳ್ಳಲು ಯತ್ನಿಸಿದ್ದಕ್ಕಾಗಿ ಬಲವಂತದಿಂದ ಸೇನೆಗೆ ತಳ್ಳಲ್ಪಡುತ್ತಾನೆ. ಅಲ್ಲಿಯ ಕ್ರೌರ್ಯವನ್ನು ದಾಟಿ, ಸೋತ ಸೈನ್ಯದ ಚೂರಾಗಿ ಅಲೆದು, ಸೋವಿಯತ್ ಸೆರೆಶಿಬಿರ ಸೇರಿ, ಕೊನೆಗೆ ಹೆಂಡತಿಯ ಬಳಿಗೆ ನಡೆಯುತ್ತ ಹಿಮದಲ್ಲಿ ಬೀಳುತ್ತಾನೆ. ಕೊಬಯಾಶಿ ಸ್ವತಃ ಮಂಚೂರಿಯಾದಲ್ಲಿ ಸಿಪಾಯಿಯಾಗಿದ್ದವರು, ಬಡ್ತಿಯನ್ನು ನಿರಾಕರಿಸಿ ಸಾಮಾನ್ಯ ಸಿಪಾಯಿಯಾಗಿಯೇ ಉಳಿದವರು, ಯುದ್ಧದ ಕೊನೆಯಲ್ಲಿ ಸೆರೆಯಾದವರು. ಬ್ಯಾರಕಿನಲ್ಲಿ ಹೊಡೆಯುವ ದೃಶ್ಯಗಳಲ್ಲಿ ಏಟುಗಳು ನಿಜವಾದವೇ ಆಗಿದ್ದವು, ಹಿಮ ಹೊಕ್ಕೈಡೊ ದ್ವೀಪದ ನಿಜವಾದ ಹಿಮವಾಗಿತ್ತು. ಮೊದಲ ಭಾಗದ ಕಾಜಿಯ ನುಣುಪಾದ, ಆದರ್ಶ ತುಂಬಿದ ಮುಖವನ್ನೂ ಮೂರನೇ ಭಾಗದ ಗುಳಿಬಿದ್ದ ಮುಖವನ್ನೂ ಪಕ್ಕಪಕ್ಕ ಇಟ್ಟು ನೋಡಿದರೆ, ನಾಲ್ಕು ವರ್ಷಗಳ ಕಾಲ ಒಂದು ಪಾತ್ರದೊಡನೆ ಬದುಕುವುದೆಂದರೆ ಏನು ಎಂಬುದು ಕಾಣುತ್ತದೆ.

ಇದೇ ನಡುವೆ ಅವರು ಬೇರೆ ಚಿತ್ರಗಳಲ್ಲೂ ಇದ್ದರು ಎಂಬುದೇ ಹೆಚ್ಚು ಸೋಜಿಗದ ಸಂಗತಿ. ಅದಕ್ಕೂ ಸ್ವಲ್ಪ ಮೊದಲು, 1958ರಲ್ಲಿ, ಇಚಿಕಾವಾ ಅವರ ‘ಎಂಜೊ’ ಚಿತ್ರದಲ್ಲಿ ಕಾಲು ಊನವಾದ, ನಾಲಿಗೆ ಹರಿತವಾದ ವಿದ್ಯಾರ್ಥಿಯಾಗಿದ್ದರು. 1959ರಲ್ಲಿ ಅದೇ ನಿರ್ದೇಶಕರ ‘ಕಾಗಿ’ಯಲ್ಲಿ ಒಂದು ಮನೆಯ ಒಳಗುಟ್ಟುಗಳ ನಡುವೆ ಸಿಕ್ಕ ಯುವವೈದ್ಯ. 1960ರಲ್ಲಿ ನರುಸೆ ಅವರ ‘ವೆನ್ ಎ ವುಮನ್ ಅಸೆಂಡ್ಸ್ ದ ಸ್ಟೇರ್ಸ್’ನಲ್ಲಿ ಹಿದೆಕೊ ತಕಾಮಿನೆ ಅವರ ಎದುರು, ಟೋಕಿಯೊದ ಗಿಂಜಾ ಬೀದಿಯ ಬಾರೊಂದರ ವ್ಯವಸ್ಥಾಪಕನಾಗಿ, ಹೆಚ್ಚು ಮಾತಿಲ್ಲದೆ ನೋಡುತ್ತ ನಿಲ್ಲುವ ಗಂಡಸು. ನರುಸೆ ನಟರಿಗೆ ಹೆಚ್ಚಿನ ಸೂಚನೆ ಕೊಡುವವರಲ್ಲ. ನಾಟಕದ ನಟನಿಗೆ ಅಭ್ಯಾಸವಾದ ದೊಡ್ಡ ಚಲನೆಗಳಿಗೆ ಅವರ ಚೌಕಟ್ಟಿನಲ್ಲಿ ಜಾಗವೂ ಇಲ್ಲ. ಅಲ್ಲಿ ಕಡಿಮೆ ಮಾಡುವುದನ್ನು ಕಲಿತ ನಟ 1961ರ ‘ಯೊಜಿಂಬೊ’ದಲ್ಲಿ ಕೊರಳಿಗೆ ಚೌಕಳಿ ವಸ್ತ್ರ ಸುತ್ತಿ, ಮುಗುಳ್ನಗುತ್ತ, ಕತ್ತಿಗಳ ಊರಿಗೆ ಪಿಸ್ತೂಲು ತರುವ ಉನೊಸುಕೆಯಾಗಿ ಬರುತ್ತಾರೆ.

ಮಿಫುನೆ ಮತ್ತು ನಕದಾಯಿ ಎದುರುಬದುರಾದ ಚಿತ್ರಗಳು ಈ ಇಬ್ಬರ ಭೇದವನ್ನು ಸ್ಪಷ್ಟವಾಗಿ ತೋರಿಸುತ್ತವೆ. ಮಿಫುನೆ ಯಾವ ಪಾತ್ರದಲ್ಲಿದ್ದರೂ ಅವರ ಮೈಯೊಳಗಿನ ಕಸುವು ಮೊದಲು ಕಾಣುತ್ತದೆ, ಪಾತ್ರ ಅದರ ಹಿಂದೆ ಬರುತ್ತದೆ; ನಕದಾಯಿ ಪಾತ್ರದ ಹಿಂದೆ ಮರೆಯಾಗಿ, ದೊಡ್ಡ ಕಣ್ಣುಗಳಿಂದ ಮಾತ್ರ ತಮ್ಮ ಗುರುತು ಕೊಡುತ್ತಾರೆ. 1962ರ ‘ಸಂಜುರೊ’ ಚಿತ್ರದ ಕೊನೆಯಲ್ಲಿ ಇಬ್ಬರೂ ಬಹಳ ಹೊತ್ತು ಅಲುಗಾಡದೆ ನಿಂತು, ಒಂದೇ ಹೊಡೆತದಲ್ಲಿ ಕಾಳಗ ಮುಗಿಯುತ್ತದೆ. ಮೈಗೆ ಕಟ್ಟಿದ್ದ ಕೊಳವೆಯಿಂದ ಕೃತಕ ರಕ್ತ ಎಲ್ಲರ ನಿರೀಕ್ಷೆ ಮೀರಿದ ರಭಸದಿಂದ ಚಿಮ್ಮಿತು, ಕುರೊಸಾವಾ ಆ ಒಂದೇ ಟೇಕನ್ನು ಉಳಿಸಿಕೊಂಡರು. ಮರುವರ್ಷದ ‘ಹೈ ಅಂಡ್ ಲೋ’ದಲ್ಲಿ ನಕದಾಯಿ ಶಾಂತ ಸ್ವಭಾವದ ಪೊಲೀಸ್ ಅಧಿಕಾರಿ. ಒಂದೇ ನಿರ್ದೇಶಕರಿಗೆ ಮೂರು ಚಿತ್ರ, ಮೂರು ಬೇರೆಯೇ ಮನುಷ್ಯರು.

ಆದರೂ ಅವರ ಇಡೀ ಕೆಲಸದಲ್ಲಿ ಒಂದೇ ಚಿತ್ರವನ್ನು ನೋಡಬೇಕೆಂದರೆ ನಾನು ಹೇಳುವುದು 1962ರಲ್ಲಿ ಕೊಬಯಾಶಿ ನಿರ್ದೇಶಿಸಿದ ‘ಹರಾಕಿರಿ’. ಕಥೆ ನಡೆಯುವುದು 1630ರ ಎದೊ ನಗರದಲ್ಲಿ, ಅಂದರೆ ಇಂದಿನ ಟೋಕಿಯೊದಲ್ಲಿ. ಯುದ್ಧಗಳು ನಿಂತು, ಒಡೆಯರ ಮನೆತನಗಳು ಕಳಚಿಬಿದ್ದು, ಸಾವಿರಾರು ಸಮುರಾಯ್‌ಗಳು ಕೆಲಸವಿಲ್ಲದೆ ಅಲೆಯುತ್ತಿದ್ದ ಕಾಲ. ಹನ್‌ಶಿರೊ ತ್ಸುಗುಮೊ ಎಂಬ ಮಧ್ಯವಯಸ್ಸು ದಾಟಿದ ಸಮುರಾಯ್, ಈಯಿ ಮನೆತನದ ಹೆಬ್ಬಾಗಿಲಿಗೆ ಬಂದು, ನಿಮ್ಮ ಅಂಗಳದಲ್ಲಿ ಹೊಟ್ಟೆ ಸೀಳಿಕೊಂಡು ಮರ್ಯಾದೆಯಿಂದ ಸಾಯಲು ಅವಕಾಶ ಕೊಡಿ ಎಂದು ಕೇಳುತ್ತಾನೆ. ಹೀಗೇ ಬಂದ ಮತ್ತೊಬ್ಬ ಯುವಕನನ್ನು ಅವರು ಹಿಂದೆ ಹೇಗೆ ನಡೆಸಿಕೊಂಡರು, ಬಡತನದಿಂದ ಕತ್ತಿಯನ್ನೇ ಮಾರಿ ಬಿದಿರಿನ ಅಲಗು ಇಟ್ಟುಕೊಂಡಿದ್ದ ಅವನನ್ನು ಅದೇ ಬಿದಿರಿನಿಂದ ಸಾಯುವಂತೆ ಹೇಗೆ ಬಲವಂತ ಮಾಡಿದರು ಎಂಬುದನ್ನು ಮನೆತನದ ಹಿರಿಯ ಅಧಿಕಾರಿ ಹೇಳುತ್ತಾನೆ. ಆಮೇಲೆ ಅಂಗಳದ ಬಿಳಿ ಹಾಸಿನ ಮೇಲೆ ಕುಳಿತ ಹನ್‌ಶಿರೊ ತನ್ನ ಕಥೆ ಹೇಳತೊಡಗುತ್ತಾನೆ. ಆ ಯುವಕ ಅವನ ಅಳಿಯ.

ಚಿತ್ರದ ಬಹುಭಾಗ ನಡೆಯುವುದು ಒಬ್ಬ ಮನುಷ್ಯ ಕುಳಿತು ಮಾತಾಡುವುದರಲ್ಲಿ. ಹನ್‌ಶಿರೊ ಒಬ್ಬ ಅಜ್ಜ. ಅಭಿನಯಿಸಿದ ನಕದಾಯಿಗೆ ಆಗ 29 ವರ್ಷ, ಅಳಿಯನ ಪಾತ್ರದ ಅಕಿರಾ ಇಶಿಹಾಮಾ ಅವರಿಗಿಂತ ಎರಡೇ ವರ್ಷ ದೊಡ್ಡವರು. ಬಣ್ಣ ಮತ್ತು ಗಡ್ಡದಿಂದ ವಯಸ್ಸು ಸ್ವಲ್ಪಮಟ್ಟಿಗೆ ಬರುತ್ತದೆ. ಉಳಿದದ್ದು ಧ್ವನಿಯಿಂದ ಬರಬೇಕು. ನಾಭಿಯಿಂದ ಎದ್ದು ಬರುವಂಥ ಆ ಒರಟು ಮಂದ್ರ ಸ್ವರವೂ, ಮಾತಿನ ನಡುವೆ ಅವರು ಬಿಡುವ ನಿಲುಗಡೆಗಳೂ ರಂಗಭೂಮಿಯ ಸಾಧನೆ. ಅದೇ ಹನ್‌ಶಿರೊ, ಮಗಳು ಮೊಮ್ಮಗನೊಂದಿಗಿನ ಹಿಂದಿನ ದಿನಗಳ ದೃಶ್ಯಗಳಲ್ಲಿ ಹಗುರವಾಗಿ, ನಗುನಗುತ್ತ ಮಾತಾಡುತ್ತಾನೆ. ಎರಡು ಧ್ವನಿಗಳ ನಡುವಿನ ದೂರದಲ್ಲೇ ಅವನು ಕಳೆದುಕೊಂಡದ್ದೆಲ್ಲ ಇದೆ. ತೆತ್ಸುರೊ ತಂಬಾ ಅವರೊಡನೆ ಗಾಳಿ ಬೀಸುವ ಹುಲ್ಲುಗಾವಲಿನಲ್ಲಿ ನಡೆಯುವ ಕಾಳಗದಲ್ಲಿ ನಿಜವಾದ ಕತ್ತಿಗಳನ್ನು ಬಳಸಿದ್ದರು ಎಂದು ನಕದಾಯಿ ಹೇಳಿದ್ದಾರೆ. ಆ ದೃಶ್ಯದಲ್ಲಿ ಮೈಗಳು ಎಷ್ಟು ಎಚ್ಚರದಿಂದ ಚಲಿಸುತ್ತವೆ ಎಂಬುದನ್ನು ಗಮನಿಸಿದರೆ ನಂಬಲು ಕಷ್ಟವಾಗುವುದಿಲ್ಲ. 1963ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಚಿತ್ರಕ್ಕೆ ತೀರ್ಪುಗಾರರ ವಿಶೇಷ ಪ್ರಶಸ್ತಿ ಬಂತು.

ಅರವತ್ತರ ದಶಕದ ಉಳಿದ ಚಿತ್ರಗಳಲ್ಲಿ ಎರಡನ್ನು ಹೇಳದೆ ಬಿಡಲಾಗದು. 1966ರಲ್ಲಿ ಕಿಹಾಚಿ ಒಕಮೊಟೊ ಅವರ ‘ದಿ ಸ್ವೋರ್ಡ್ ಆಫ್ ಡೂಮ್’ನಲ್ಲಿ ಅವರು ಕೊಲ್ಲುವುದನ್ನೇ ಉಸಿರಾಗಿಸಿಕೊಂಡ, ಕ್ರಮೇಣ ಬುದ್ಧಿ ಕದಡುವ ಕತ್ತಿಗಾರ. ಅದೇ ವರ್ಷ ಕೊಬೊ ಅಬೆ ಅವರ ಕಾದಂಬರಿ ಆಧರಿಸಿ ಹಿರೋಶಿ ತೆಶಿಗಹಾರಾ ತೆಗೆದ ‘ದಿ ಫೇಸ್ ಆಫ್ ಅನದರ್’ನಲ್ಲಿ, ಅಪಘಾತದಲ್ಲಿ ಮುಖ ಸುಟ್ಟು ಬೇರೊಬ್ಬನ ಮುಖದ ಮುಖವಾಡ ಧರಿಸುವ ಮನುಷ್ಯ. ಚಿತ್ರದ ಮೊದಲ ಭಾಗದಲ್ಲಿ ಅವರ ಮುಖವೆಲ್ಲ ಬ್ಯಾಂಡೇಜಿನಿಂದ ಸುತ್ತಿರುತ್ತದೆ. ಮುಖವೇ ಬಂಡವಾಳವಾದ ಸ್ಟುಡಿಯೊ ತಾರೆಯೊಬ್ಬನಿಗೆ ಅಂಥ ಪಾತ್ರವನ್ನು ಆ ಕಾಲದ ಯಾವ ಸಂಸ್ಥೆ ಒಪ್ಪಿ ಕೊಡುತ್ತಿತ್ತೆಂದು ನನಗೆ ಅನುಮಾನ. ಇದರ ನಡುವೆಯೂ ವರ್ಷದ ಆ ಇನ್ನೊಂದು ಅರ್ಧ ನಿಲ್ಲಲಿಲ್ಲ. 1964ರಲ್ಲಿ ಹಾಯ್ಯುಜಾ ರಂಗದ ಮೇಲೆ ಅವರು ಹ್ಯಾಮ್ಲೆಟ್ ಆಗಿದ್ದರು.

ಅಷ್ಟರಲ್ಲಿ ಚಿತ್ರೋದ್ಯಮದ ಬುಡವೇ ಅಲುಗತೊಡಗಿತ್ತು. 1958ರಲ್ಲಿ ಜಪಾನಿನ ಚಿತ್ರಮಂದಿರಗಳಲ್ಲಿ ಮಾರಾಟವಾದ ಟಿಕೆಟುಗಳು 112 ಕೋಟಿಗೂ ಹೆಚ್ಚು. ಟೆಲಿವಿಷನ್ ಮನೆಮನೆಗೆ ಬಂದಂತೆ ಐದೇ ವರ್ಷಗಳಲ್ಲಿ ಅದು ಅರ್ಧಕ್ಕಿಂತ ಕೆಳಗೆ ಇಳಿಯಿತು. 1971ರಲ್ಲಿ ದಾಯೆ ದಿವಾಳಿಯಾಯಿತು, ನಿಕ್ಕತ್ಸು ಅಗ್ಗದ ಕಾಮುಕ ಚಿತ್ರಗಳತ್ತ ತಿರುಗಿತು, ಐದು ಸಂಸ್ಥೆಗಳ ಒಪ್ಪಂದವೂ ಅರ್ಥ ಕಳೆದುಕೊಂಡು ಮುಗಿಯಿತು. ಸ್ಟುಡಿಯೊವನ್ನೇ ನಂಬಿದ್ದ ನಟರಿಗೆ ಕಾಲಕೆಳಗಿನ ನೆಲ ಹೋಯಿತು. ನಕದಾಯಿ ನಿಂತಿದ್ದ ನೆಲ ಬೇರೆಯದಾಗಿತ್ತು. ಚಿತ್ರಗಳು ಕಡಿಮೆಯಾದಾಗ ಅವರು ನಾಟಕಕ್ಕೆ ಇನ್ನಷ್ಟು ಸಮಯ ಕೊಟ್ಟರು. 1975ರಲ್ಲಿ ಪತ್ನಿ ಯಸುಕೊ ಮಿಯಾಜಾಕಿ ಅವರೊಂದಿಗೆ ಟೋಕಿಯೊದ ತಮ್ಮ ಮನೆಯಲ್ಲೇ ‘ಮುಮೆಯಿಜುಕು’ ಎಂಬ ನಟನಾ ಶಾಲೆ ತೆರೆದರು. ಯಸುಕೊ ಸ್ವತಃ ಹಾಯ್ಯುಜಾದ ನಟಿ, ಬೇರೊಂದು ಹೆಸರಿನಲ್ಲಿ ನಾಟಕ ಬರೆದು ನಿರ್ದೇಶಿಸುತ್ತಿದ್ದವರು. 1996ರಲ್ಲಿ ಅವರು ತೀರಿಕೊಳ್ಳುವವರೆಗೂ ಶಾಲೆಯ ಅರ್ಧ ಹೊಣೆ ಅವರದಾಗಿತ್ತು. ಅರ್ಜಿ ಹಾಕಿದ ಬಹಳ ಮಂದಿಯಲ್ಲಿ ಕೆಲವೇ ಜನರನ್ನು ಆರಿಸಿ, ಶುಲ್ಕವಿಲ್ಲದೆ ಕಲಿಸುವುದು ಅಲ್ಲಿನ ರೀತಿ. ಟೋಕಿಯೊದ ಒಂದು ವಾರ್ಡ್ ಕಚೇರಿಯಲ್ಲಿ ಗುಮಾಸ್ತನಾಗಿದ್ದು ಅಲ್ಲಿಗೆ ಬಂದ ಕೋಜಿ ಯಕುಶೊ, 2023ರಲ್ಲಿ ‘ಪರ್ಫೆಕ್ಟ್ ಡೇಸ್’ ಚಿತ್ರಕ್ಕಾಗಿ ಕಾನ್‌ನಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಪಡೆದರು.

ಕುರೊಸಾವಾ ಮತ್ತೆ ಅವರನ್ನು ಕರೆದದ್ದು ಬಿಕ್ಕಟ್ಟಿನ ಗಳಿಗೆಯಲ್ಲಿ. 1980ರ ‘ಕಾಗೆಮುಷಾ’ದ ಮುಖ್ಯ ಪಾತ್ರಕ್ಕೆ ಶಿಂತಾರೊ ಕತ್ಸು ಆಯ್ಕೆಯಾಗಿದ್ದರು, ಚಿತ್ರೀಕರಣದ ಸ್ಥಳಕ್ಕೆ ತಮ್ಮದೇ ಕ್ಯಾಮೆರಾ ತಂಡ ತಂದ ಅವರ ಮೇಲೆ ಕುರೊಸಾವಾ ಸಿಟ್ಟಾಗಿ, ಅವರು ಚಿತ್ರದಿಂದ ಹೊರಬಿದ್ದರು. ಆ ಜಾಗಕ್ಕೆ ಬಂದ ನಕದಾಯಿ ಹದಿನಾರನೇ ಶತಮಾನದ ಸೇನಾಧಿಪತಿ ಶಿಂಗೆನ್ ತಕೆದಾ ಮತ್ತು ಅವನ ಸಾವನ್ನು ಮರೆಮಾಚಲು ಅವನಂತೆ ನಟಿಸಬೇಕಾದ ಕಳ್ಳ, ಎರಡೂ ಪಾತ್ರಗಳನ್ನು ಮಾಡಿದರು. ಇಲ್ಲಿ ನಟನೆಯೇ ಕಥೆಯ ವಸ್ತು: ಕಳ್ಳನೊಬ್ಬ ದೊರೆಯ ವೇಷ ಹಾಕಿ, ಮೊದಲು ಹೆದರಿ, ಮೆಲ್ಲಗೆ ಅದರೊಳಗೆ ತುಂಬಿಕೊಳ್ಳುತ್ತ ಹೋಗುವುದನ್ನು ಒಬ್ಬ ನಟ ತೋರಿಸಬೇಕು. ಆ ವರ್ಷ ಚಿತ್ರ ಕಾನ್‌ನ ಅತ್ಯುನ್ನತ ಪ್ರಶಸ್ತಿಯನ್ನು ಹಂಚಿಕೊಂಡಿತು.

ಐದು ವರ್ಷಗಳ ಮೇಲೆ ಬಂದ ‘ರಾನ್’, ಶೇಕ್ಸ್‌ಪಿಯರನ ಲಿಯರ್ ರಾಜನ ಕಥೆಯನ್ನು ಜಪಾನಿನ ಯುದ್ಧಕಾಲಕ್ಕೆ ತಂದ ಚಿತ್ರ. ಮೂವರು ಗಂಡುಮಕ್ಕಳಿಗೆ ರಾಜ್ಯ ಹಂಚಿ ಎಲ್ಲವನ್ನೂ ಕಳೆದುಕೊಳ್ಳುವ ಮುದಿ ದೊರೆ ಹಿದೆತೊರಾ ಆಗಿ ನಕದಾಯಿ ಅಭಿನಯಿಸಿದಾಗ ಅವರಿಗೆ 52ರ ಹತ್ತಿರ. ದಿನವೂ ತಾಸುಗಟ್ಟಲೆ ಹಿಡಿಯುತ್ತಿದ್ದ ಮುಖಸಜ್ಜಿಕೆ ನೋ ನಾಟಕದ ಮುಖವಾಡಗಳ ಮಾದರಿಯದು. ಫ್ಯೂಜಿ ಪರ್ವತದ ಇಳಿಜಾರಿನಲ್ಲಿ ಕಟ್ಟಿದ್ದ ಕೋಟೆಯನ್ನು ನಿಜವಾಗಿಯೇ ಸುಡುವ ದೃಶ್ಯದಲ್ಲಿ, ಉರಿಯುವ ಬಾಗಿಲಿನಿಂದ ಹೊರಬಂದು, ಕಡಿದಾದ ಮೆಟ್ಟಿಲುಗಳನ್ನು ಕೆಳಗೆ ನೋಡದೆ ಇಳಿದು, ಎರಡು ಸೈನ್ಯಗಳ ನಡುವಿನಿಂದ ಬುದ್ಧಿಭ್ರಮಣೆಯಾದವನಂತೆ ನಡೆದುಹೋಗಬೇಕು. ಎಡವಿದರೆ ಮತ್ತೊಮ್ಮೆ ತೆಗೆಯಲು ಕೋಟೆಯೇ ಇರುವುದಿಲ್ಲ. ಕಬುಕಿ, ನೋಗಳಿಗೆ ಬೆನ್ನು ತಿರುಗಿಸಿ ಹುಟ್ಟಿದ ರಂಗ ಚಳವಳಿಯಲ್ಲಿ ಬೆಳೆದ ನಟನೊಬ್ಬ, ಮೂವತ್ತು ವರ್ಷಗಳ ಮೇಲೆ ನೋದ ಮುಖವನ್ನು ಹೊತ್ತು ಶೇಕ್ಸ್‌ಪಿಯರನ ರಾಜನಾದದ್ದು ಜಪಾನಿನ ಅಭಿನಯದ ಎರಡು ಹಾದಿಗಳು ಒಂದೇ ಮೈಯಲ್ಲಿ ಕೂಡಿದ ಸಂದರ್ಭ. ಕಿರಿಯ ಮಗ ಸಬುರೊ ಆಗಿ ಅಭಿನಯಿಸಿದ ದಾಯ್‌ಸುಕೆ ರ್ಯು, ನಕದಾಯಿ ಅವರ ಶಾಲೆಯ ಹುಡುಗ.

ಹೊರಗಿನ ಜಗತ್ತು ಸಾಮಾನ್ಯವಾಗಿ ಅವರ ಕಥೆಯನ್ನು ‘ರಾನ್’ಗೆ ಮುಗಿಸುತ್ತದೆ. ಆಮೇಲೂ ಅವರು ನಲವತ್ತು ವರ್ಷ ದುಡಿದರು. ಸತ್ತ ಒಡೆಯನಿಗಾಗಿ ರೈಲುನಿಲ್ದಾಣದಲ್ಲಿ ಕಾಯುವ ನಾಯಿಯ ಕಥೆ ‘ಹಾಚಿಕೊ ಮೊನೊಗತಾರಿ’ 1987ರಲ್ಲಿ ಜಪಾನಿನಲ್ಲಿ ಬಹುದೊಡ್ಡ ಯಶಸ್ಸು ಕಂಡಿತು. ಅದರಲ್ಲಿ ಒಡೆಯ ಪ್ರೊಫೆಸರ್ ಉಎನೊ ಪಾತ್ರ ನಕದಾಯಿ ಅವರದು. 2010ರಲ್ಲಿ ‘ಹರುಸ್ ಜರ್ನಿ’ ಚಿತ್ರದಲ್ಲಿ, ಮೊಮ್ಮಗಳೊಂದಿಗೆ ಆಸರೆ ಹುಡುಕಿ ಒಬ್ಬೊಬ್ಬ ಬಂಧುವಿನ ಮನೆಗೂ ಹೋಗುವ ಸಿಡುಕು ಮುದುಕನಾದರು. ವಯಸ್ಸನ್ನು ಈಗ ನಟಿಸಬೇಕಾಗಿರಲಿಲ್ಲ. 2017ರಲ್ಲಿ ಆ ಚಿತ್ರದ ನಿರ್ದೇಶಕ ಮಸಾಹಿರೊ ಕೊಬಯಾಶಿ (ಇವರು ಮಸಾಕಿ ಕೊಬಯಾಶಿ ಅಲ್ಲ, ಬೇರೆಯವರು) ಅವರದೇ ಇನ್ನೊಂದು ಚಿತ್ರದಲ್ಲಿ ಮರೆವಿಗೆ ತುತ್ತಾಗಿ ಕಡಲತೀರದಲ್ಲಿ ಅಲೆಯುವ ಹಿರಿಯ ನಟನಾದರು. 2015ರಲ್ಲಿ ಜಪಾನ್ ಸರ್ಕಾರ ಕಲೆ ಮತ್ತು ವಿದ್ಯೆಗೆ ಕೊಡುವ ಅತ್ಯುನ್ನತ ಗೌರವವಾದ ‘ಆರ್ಡರ್ ಆಫ್ ಕಲ್ಚರ್’ ಅವರಿಗೆ ಸಂದಿತು.

ಈ ವರ್ಷಗಳಲ್ಲಿ ಅವರ ಕೆಲಸದ ಒಂದು ದೊಡ್ಡ ಕೇಂದ್ರ ಟೋಕಿಯೊದಿಂದ ದೂರದ, ಇಶಿಕಾವಾ ಪ್ರಾಂತದ ನೊತೊ ಪರ್ಯಾಯದ್ವೀಪ. ಶಾಲೆಯ ಹುಡುಗರನ್ನು ತಾಲೀಮಿಗೆ ಅಲ್ಲಿಗೆ ಕರೆದೊಯ್ಯುತ್ತಿದ್ದುದರಿಂದ ಬೆಳೆದ ನಂಟು, 1995ರಲ್ಲಿ ನನಾವೊ ಬಳಿ ಒಂದು ರಂಗಮಂದಿರವಾಗಿ ನಿಂತಿತು. ವೇದಿಕೆಯ ಹಿಂಗೋಡೆ ಪೂರ್ತಿಯಾಗಿ ತೆರೆದುಕೊಂಡು ಹೊರಗಿನ ಬಯಲು ಮತ್ತು ಮರಗಳೂ ರಂಗದ ಭಾಗವಾಗುವಂತೆ ಅದನ್ನು ಕಟ್ಟಲಾಗಿದೆ. 2024ರ ಜನವರಿ 1ರಂದು ನೊತೊದಲ್ಲಿ ಭೀಕರ ಭೂಕಂಪವಾಯಿತು. ಮರುವರ್ಷ, 92ನೇ ವಯಸ್ಸಿನಲ್ಲಿ, ನಕದಾಯಿ ತಮ್ಮ ತಂಡದೊಂದಿಗೆ ಆ ಊರಿಗೆ ಹೋಗಿ ಅದೇ ರಂಗದ ಮೇಲೆ ಬ್ರೆಖ್ಟ್‌ನ ‘ಮದರ್ ಕರೇಜ್’ ನಾಟಕ ಆಡಿದರು; ಯುದ್ಧದಲ್ಲಿ ವ್ಯಾಪಾರ ಮಾಡುತ್ತ ಒಬ್ಬೊಬ್ಬರಾಗಿ ಮಕ್ಕಳನ್ನೆಲ್ಲ ಕಳೆದುಕೊಳ್ಳುವ ಆ ತಾಯಿಯ ಪಾತ್ರ ಅವರದೇ. ಅವರು ತೀರಿಕೊಂಡದ್ದು ಅದೇ 2025ರ ನವೆಂಬರ್‌ನಲ್ಲಿ.